ವೇಷ ಕಳಚಿದ ಮೇಲಿನ ಗಾನ

ಕ್ಯಾಬರೆ ಎಂಬ ಪದವು ಕಿವಿಗೆ ಬಿದ್ದೊಡನೆ ನಮ್ಮ ವಾಚಕರಲ್ಲಿ ಹಲವರು ಹುಬ್ಬು ಗಂಟಿಕ್ಕುವರೆಂಬುದನ್ನು ನಾವು ಬಲ್ಲೆವು. ನಮ್ಮ ಚಲಚ್ಚಿತ್ರಗಳು ಆ ಪದಕ್ಕೆ ಕಟ್ಟಿಕೊಟ್ಟ ಅರ್ಥವೇ ಅಂತಹುದು. ನ್ಯೂಯಾರ್ಕ್ ನಗರದಲ್ಲಿ ಆ ಹೆಸರಿನಿಂದ ನಡೆಯುವ ಗಾನವಾದರೋ ಬೇರೆಯೇ ಆಗಿರುತ್ತದೆ. ಒಂದು ಚಿಕ್ಕ ಕೋಣೆ, ಮೇಜುಗಳ ಸುತ್ತ ಕುಳಿತ ಕೆಲವೇ ಮಂದಿ ಶ್ರೋತೃಗಳು, ಒಂದು ಪಿಯಾನೋ, ಅದರ ಮಗ್ಗುಲಲ್ಲಿ ನಿಂತು ಹಾಡುವ ಒಬ್ಬರು. ಇಷ್ಟೇ ಅದರ ಪರಿಕರ. ಈ ತಿಂಗಳು ನಾವು ಪರಿಚಯಿಸಬೇಕೆಂದಿರುವ ಬಾರ್ಬರಾ ಕುಕ್ ಎಂಬಾಕೆಯು ಮೊದಲು ದೊಡ್ಡ ನಾಟಕಶಾಲೆಗಳಲ್ಲಿಯೂ ಅನಂತರ ಇಂತಹ ಕೋಣೆಗಳಲ್ಲಿಯೂ ಹಾಡಿ, ಒಂದೇ ಆಯುಸ್ಸಿನಲ್ಲಿ ಎರಡು ಬಾಳುಗಳನ್ನು ಬಾಳಿದವಳು. ಅವುಗಳಲ್ಲಿ ಎರಡನೆಯದೇ ಹಿರಿದೆಂಬುದು ನಮ್ಮ ಮತ.

ಈಕೆ ಹುಟ್ಟಿದುದು 1927ರಲ್ಲಿ, ಅಮೇರಿಕದ ದಕ್ಷಿಣ ಭಾಗದ ಅಟ್ಲಾಂಟಾ ಪಟ್ಟಣದಲ್ಲಿ. ಮೂರು ವರ್ಷದ ಮಗುವಾಗಿದ್ದಾಗ ಈಕೆಗೆ ನಾಯಿಕೆಮ್ಮು ಬಂದಿತು. ಅದು ತಂಗಿಗೂ ತಗುಲಿ, ಆ ಕೂಸು ತೀರಿಕೊಂಡಿತು. ತಂಗಿಯನ್ನು ಕೊಂದವಳು ತಾನೇ ಎಂಬ ಭಾವನೆಯು ಆ ಎಳೆಯ ಮನಸ್ಸಿನಲ್ಲಿ ಬೇರೂರಿತು. ಬಳಿಕ ತಂದೆತಾಯಿಗಳೂ ಬೇರೆಯಾದರು. ಇಂತಹ ಮನೆಯಲ್ಲಿ ಹಾಡೇ ಆ ಬಾಲೆಗೆ ಆಸರೆಯಾಗಿದ್ದುದರಲ್ಲಿ ಆಶ್ಚರ್ಯವಿಲ್ಲ. ಶಾಲೆ ಮುಗಿಸಿ ಕೆಲಕಾಲ ಬೆರಳಚ್ಚಿನ ಕೆಲಸವನ್ನು ಮಾಡಿ, 1948ರಲ್ಲಿ ತಾಯಿಯೊಡನೆ ನ್ಯೂಯಾರ್ಕ್ ನೋಡಲು ಹೋದವಳು ಅಲ್ಲಿಯೇ ನಿಂತುಬಿಟ್ಟಳು.

ಬ್ರಾಡ್‌ವೇ ಎಂಬುದು ಅಲ್ಲಿಯ ನಾಟಕಶಾಲೆಗಳ ಬೀದಿ. 1951ರಲ್ಲಿ ಅಲ್ಲಿ ರಂಗವೇರಿದ ಈಕೆಗೆ 1956ರಲ್ಲಿ ಲಿಯೊನಾರ್ಡ್ ಬರ್ನ್‌ಸ್ಟೈನನು ಸ್ವರ ಹಾಕಿದ ‘ಕ್ಯಾಂಡೀಡ್’ ಎಂಬ ಸಂಗೀತ ನಾಟಕದಲ್ಲಿ ನಾಯಿಕೆಯ ಪಾತ್ರವು ದೊರೆಯಿತು. ಅದರಲ್ಲಿಯ ಒಂದು ಹಾಡು ತಾರಸ್ಥಾಯಿಯನ್ನೂ ಮೀರಿ ಮತ್ತೆ ಮತ್ತೆ ನೆಗೆಯುವಂತಹುದು. ಪಳಗಿದ ಗಾಯಕಿಯರೂ ಅಂಜುವಂತಹುದು. ಸಂಗೀತ ಮಹಾವಿದ್ಯಾಲಯದ ಮೆಟ್ಟಿಲನ್ನು ಹತ್ತದ ಈ ತರುಣಿಯು ಅದನ್ನು ಪ್ರತಿ ರಾತ್ರಿಯೂ ಹಾಡಿದಳು. ನಾಟಕವು 73 ಪ್ರದರ್ಶನಗಳಿಗೇ ನಿಂತಿತು; ಗಾಯಕಿಯ ಕೀರ್ತಿಯು ನಿಲ್ಲಲಿಲ್ಲ. ಮರುವರ್ಷದ ‘ದಿ ಮ್ಯೂಸಿಕ್ ಮ್ಯಾನ್’ ನಾಟಕವು 1,375 ಸಲ ನಡೆಯಿತು. ಅದರಲ್ಲಿ ಗ್ರಂಥಪಾಲಿಕೆ ಮೇರಿಯನ್ನಳಾಗಿ ನಟಿಸಿದುದಕ್ಕೆ 1958ರಲ್ಲಿ ಟೋನಿ ಪಾರಿತೋಷಕವು ಬಂದಿತು. ಆದರೆ 1962ರಲ್ಲಿ ಅದೇ ಕಥೆ ಚಿತ್ರವಾದಾಗ ಪಾತ್ರವು ಶರ್ಲಿ ಜೋನ್ಸ್ ಎಂಬ ತಾರೆಯ ಪಾಲಾಯಿತು. ರಂಗಭೂಮಿಯ ಕಲೆ ನೀರಿನ ಮೇಲಿನ ಬರಹ. ಬೆಳ್ಳಿತೆರೆಯು ಕೈಬಿಟ್ಟ ನಟಿಯ ಪಾಲಿಗೆ ಉಳಿಯುವುದು ಧ್ವನಿಮುದ್ರಿಕೆಯೊಂದೇ.

1963ರ ‘ಶೀ ಲವ್ಸ್ ಮೀ’ ಆದಮೇಲೆ ಇಳಿಗಾಲವು ಮೊದಲಾಯಿತು. 1965ರಲ್ಲಿ ವಿವಾಹವು ಮುರಿಯಿತು. 1971ರಲ್ಲಿ ನಟಿಸಿದ ನಾಟಕವೊಂದು ಏಳೇ ಪ್ರದರ್ಶನಗಳಿಗೆ ಮುಚ್ಚಿಹೋಯಿತು. ವಯಸ್ಸು ನಲವತ್ತನ್ನು ದಾಟಿದ್ದಿತು, ದೇಹವು ಸ್ಥೂಲವಾಯಿತು, ಮನಸ್ಸನ್ನು ವಿಷಾದವು ಕವಿಯಿತು, ಮದ್ಯವು ನಿತ್ಯದ ಒಡನಾಡಿಯಾಯಿತು. ಮುಗ್ಧ ತರುಣಿಯ ಪಾತ್ರಗಳಿಗೆಂದೇ ಹೆಸರಾಗಿದ್ದವಳನ್ನು ಕರೆಯುವವರು ಯಾರು? ಕಂಠವು ಕೆಟ್ಟಿರಲಿಲ್ಲವೆಂಬುದನ್ನು ವಾಚಕರು ಗಮನಿಸಬೇಕು. ಕೆಟ್ಟಿದ್ದುದು, ನಾಟಕದ ಯಜಮಾನರು ನಾಯಿಕೆಯಲ್ಲಿ ಹುಡುಕುವ ನಡು ಮತ್ತು ಮುಖಕಾಂತಿ ಮಾತ್ರ. ನಟನೊಬ್ಬನು ಇದೇ ವಯಸ್ಸಿನಲ್ಲಿ ದಪ್ಪನಾದರೆ ಗಾಂಭೀರ್ಯ ಬಂದಿತೆನ್ನುತ್ತಾರೆ.

1974ರಲ್ಲಿ ವಾಲಿ ಹಾರ್ಪರ್ ಎಂಬ ಪಿಯಾನೋ ವಾದಕನ ಪರಿಚಯವಾಯಿತು. ಹಾಡುಗಳನ್ನು ಈಕೆಯ ಕಂಠಕ್ಕೂ ವಯಸ್ಸಿಗೂ ಒಪ್ಪುವಂತೆ ಹೊಸದಾಗಿ ಅಳವಡಿಸಿದವನು ಅವನೇ. 1975ರ ಜನವರಿ 26ರಂದು ಸುಮಾರು 2,800 ಆಸನಗಳ ಕಾರ್ನೆಗೀ ಸಭಾಂಗಣದಲ್ಲಿ ಈಕೆಯ ಗಾನಸಭೆಯು ನಡೆಯಿತು. ಕಾಣೆಯಾದಳೆಂದು ನಾಟಕಪ್ರಿಯರು ಎಣಿಸಿದ್ದವಳು ನಲವತ್ತೇಳನೆಯ ವಯಸ್ಸಿನಲ್ಲಿ, ಪಾತ್ರದ ಹೆಸರಿಲ್ಲದೆ ತನ್ನ ಹೆಸರಿನಿಂದಲೇ ವೇದಿಕೆಯ ಮೇಲೆ ನಿಂತಳು. ಆ ಒಂದು ರಾತ್ರಿಯಿಂದ ಎಲ್ಲವೂ ನೇರವಾಯಿತೆಂದು ಬರೆದರೆ ಕಥೆಗೇನೋ ಸೊಗಸು. ಆದರೆ ನಿಜವು ಹಾಗಿಲ್ಲ. ಈಕೆ ಮದ್ಯವನ್ನು ತ್ಯಜಿಸಿದುದು ಆ ಸಭೆಯಾದ ತರುವಾಯವೇ. ಚಪ್ಪಾಳೆಯು ರೋಗಕ್ಕೆ ಔಷಧವಲ್ಲ.

ಭರತಮುನಿಯು ಅಭಿನಯವನ್ನು ಆಂಗಿಕ, ವಾಚಿಕ, ಆಹಾರ್ಯ, ಸಾತ್ತ್ವಿಕವೆಂದು ನಾಲ್ಕಾಗಿ ವಿಂಗಡಿಸಿರುವುದನ್ನು ವಾಚಕರಲ್ಲಿ ಕೆಲವರಾದರೂ ಬಲ್ಲರು. ಈಕೆಯ ಎರಡನೆಯ ಬಾಳಿನಲ್ಲಿ ಆಹಾರ್ಯವು, ಎಂದರೆ ವೇಷಭೂಷಣಾದಿಗಳು, ಹೊರಟುಹೋಯಿತು. ಆಂಗಿಕವೂ ಬಹುಮಟ್ಟಿಗೆ ಕುಗ್ಗಿತು. ಉಳಿದುವು ಮಾತು ಮತ್ತು ಅಂತಃಕರಣ. 1985ರಲ್ಲಿ ಸ್ಟೀಫನ್ ಸಾಂಡ್‌ಹೈಮನ ‘ಫಾಲೀಸ್’ ನಾಟಕವನ್ನು ಗಾನಸಭೆಯಾಗಿ ನಡೆಸಿದಾಗ, ಕೈಗೂಡದ ಪ್ರೇಮವೊಂದನ್ನು ಹಗಲಿರುಳೂ ನೆನೆದು ಬುದ್ಧಿಯೇ ತಪ್ಪೀತೆನ್ನುವ ಹೆಂಗಸಿನ ಹಾಡನ್ನು ಈಕೆ ಹಾಡಿದಳು. ಅದರಲ್ಲಿ ಹಿಂದಿನ ತಾರಸ್ಥಾಯಿಯ ಮಿಂಚಿಲ್ಲ. ಒಂದೊಂದು ಪದವೂ ಈಗತಾನೇ ಹೊಳೆದಂತೆ ಬರುತ್ತದೆ. ಕೇಳುವವನಿಗೆ ಪರರ ಗುಟ್ಟನ್ನು ಕೇಳುತ್ತಿರುವೆನೆಂಬ ಸಂಕೋಚವೇ ಉಂಟಾಗುತ್ತದೆ. ಸಾಹಿತ್ಯವನ್ನು ನುಂಗಿ ಸ್ವರವನ್ನು ಮೆರೆಸುವ ಹಾಡುಗಾರರು ನಮ್ಮಲ್ಲಿಯೂ ಇಲ್ಲದಿಲ್ಲ. ಅವರು ಇದನ್ನೊಮ್ಮೆ ಕೇಳಬೇಕು!

ತರುಣ ಗಾಯಕರಿಗೆ ಪಾಠ ಹೇಳುವಾಗಲೂ ಈಕೆಯ ಹಟವು ಇದೇ ಆಗಿತ್ತು. ಕೈಬೀಸಿ ಕಂಠವನ್ನು ಮೆರೆಸುತ್ತಿದ್ದವರನ್ನು ತಡೆದು ಮಾತಿನ ಅರ್ಥದ ಕಡೆಗೆ ತಿರುಗಿಸುತ್ತಿದ್ದಳು. ತಾನು ಇರುವಂತೆಯೇ ಇದ್ದರೆ ಸಾಲದೆಂಬ ಭಯವೇ ಗಾಯಕನ ಶತ್ರುವೆಂದು ಆಕೆಯ ಎಣಿಕೆ. ಮೂವತ್ತು ವರ್ಷ ಉಪಾಧ್ಯಾಯರಾಗಿದ್ದ ನಮಗೆ ಈ ಮಾತಿನ ಬೆಲೆ ಗೊತ್ತು.

ಹೋಟೆಲಿನ ಚಿಕ್ಕ ಕೋಣೆಗಳಿಂದ ಹಿಡಿದು, 1997ರಲ್ಲಿ ಎಪ್ಪತ್ತು ತುಂಬಿದಾಗ ಲಂಡನ್ನಿನ ರಾಯಲ್ ಆಲ್ಬರ್ಟ್ ಹಾಲಿನವರೆಗೆ ಈಕೆ ಹಾಡಿದಳು. 2004ರಲ್ಲಿ ಹಾರ್ಪರನು ತೀರಿಕೊಂಡನು. ಮೂವತ್ತು ವರ್ಷದ ಜೊತೆಗಾರನಿಲ್ಲದೆಯೂ ಈಕೆ ನಿಲ್ಲಲಿಲ್ಲ. 2006ರಲ್ಲಿ ನ್ಯೂಯಾರ್ಕಿನ ಮೆಟ್ರೊಪಾಲಿಟನ್ ಒಪೆರಾದಲ್ಲಿ ಹಾಡಿದಳು. 2010ರಲ್ಲಿ, ಎಂಬತ್ತೆರಡರ ವಯಸ್ಸಿನಲ್ಲಿ, ಮರಳಿ ಬ್ರಾಡ್‌ವೇ ರಂಗವೇರಿದಳು. 2016ರಲ್ಲಿ ಆತ್ಮಕಥೆಯನ್ನು ಪ್ರಕಟಿಸಿ, ಕುಡಿತವೇ ಮೊದಲಾದುವನ್ನು ಮುಚ್ಚುಮರೆಯಿಲ್ಲದೆ ಅದರಲ್ಲಿ ಹೇಳಿಕೊಂಡಳು. 2017ರ ಆಗಸ್ಟ್ 8ರಂದು ಎಂಬತ್ತೊಂಬತ್ತನೆಯ ವಯಸ್ಸಿನಲ್ಲಿ ತೀರಿಕೊಂಡಳು.

ಈಕೆಯ ಗಾನವನ್ನು ಮನೆಯಲ್ಲಿ ಕೇಳಬಯಸುವ ವಾಚಕರು ‘ಕ್ಯಾಂಡೀಡ್’ ನಾಟಕದ ಮೊದಲ ಧ್ವನಿಮುದ್ರಿಕೆಯನ್ನೂ 1975ರ ಕಾರ್ನೆಗೀ ಸಭೆಯ ಧ್ವನಿಮುದ್ರಿಕೆಯನ್ನೂ ಒಂದೇ ಸಂಜೆ, ಇದೇ ಕ್ರಮದಲ್ಲಿ ಕೇಳಬೇಕೆಂದು ನಮ್ಮ ಸೂಚನೆ. ಇಂಗ್ಲಿಷು ಬಾರದ ಮನೆಯ ಹಿರಿಯರನ್ನೂ ಜೊತೆಗೆ ಕೂರಿಸಿಕೊಳ್ಳಬಹುದು.