ಮೊದಲು ಎಣಿಕೆ, ಆಮೇಲೆ ಪರವಾನಗಿ

ಮುಸುಕಿನ ಜೋಳ ತೆನೆ ಹಿಡಿಯುವ ಕಾಲ ಬಂತೆಂದರೆ ನಮ್ಮ ತಾಳವಾಡಿ ಸೀಮೆಯಲ್ಲಿ ಬೆಳಗಿನ ಮೊದಲನೆಯ ಪಿರಿಯಡ್ಡು ಪಾಠಕ್ಕೆ ಒದಗುವುದಿಲ್ಲ. ಹಿಂದಿನ ಬೆಂಚಿನ ಹುಡುಗರು ಕೂತಲ್ಲೇ ತೂಕಡಿಸುತ್ತಾರೆ. ಗದರಿಸಲು ಬಾಯಿ ಬರುವುದಿಲ್ಲ. ರಾತ್ರಿಯೆಲ್ಲ ಅಪ್ಪನ ಜೊತೆ ಅಟ್ಟಣೆಯ ಮೇಲೆ ಕೂತು, ತಗಡು ಬಡಿದು, ಹಂದಿ ಅಟ್ಟಿ ಬಂದ ಮಕ್ಕಳವು. ಅವರ ನಿದ್ದೆಗೆ ಹೊಣೆ ಯಾರು ಎಂದು ಕೇಳಿದರೆ ಉತ್ತರ ಹೇಳುವುದು ಸುಲಭವಲ್ಲ.

ಪೋಷಕರ ಸಭೆಯೊಂದರಲ್ಲಿ ಹಿರಿಯರೊಬ್ಬರು ಎದ್ದು ನಿಂತು, "ಮೇಷ್ಟ್ರೇ, ಅಮೇರಿಕದಲ್ಲಿ ಬೇಟೆ ಆಡಕ್ಕ ಸರ್ಕಾರವೇ ಅರ್ಜಿ ತಕ್ಕಂಡು ಚೀಟಿ ಕೊಡ್ತದಂತಲ್ಲ, ನಮ್ಗ ಯಾಕ ಕೊಡದಿಲ್ಲ?" ಎಂದು ಕೇಳಿದರು. ಸಭೆ ನಕ್ಕಿತು. ಆದರೆ ಆ ಪ್ರಶ್ನೆ ನಕ್ಕು ಬಿಡತಕ್ಕದ್ದಲ್ಲ. ಅದಕ್ಕೆ ಅಂದು ನಾವು ಸರಿಯಾದ ಉತ್ತರ ಕೊಡಲಿಲ್ಲ. ತಿಳಿದುಕೊಂಡು ಇಂದು ಈ ಸಂಚಿಕೆಯ ಮೂಲಕ ಕೊಡುತ್ತಿದ್ದೇವೆ.

ಅವರು ಹೇಳಿದ್ದು ನಿಜ. ಅಮೇರಿಕದ ಪಶ್ಚಿಮದ ರಾಜ್ಯಗಳಲ್ಲಿ ಬೇಟೆಗೆ ಪರವಾನಗಿ ಉಂಟು. ಆದರೆ ಆ ಪರವಾನಗಿ ಹುಟ್ಟಿದ್ದು ಬೇಟೆಗಾರರನ್ನು ಸಂತೋಷಪಡಿಸಲು ಅಲ್ಲ, ಅವರ ಕೈ ಕಟ್ಟಲು. ಹತ್ತೊಂಬತ್ತನೆಯ ಶತಮಾನದಲ್ಲಿ ಅಲ್ಲಿನ ಬಯಲುಗಳಲ್ಲಿ ಬೈಸನ್ ಎಂಬ ಕಾಡುದನ ಕೋಟಿಗಟ್ಟಲೆ ಇತ್ತು. ಚರ್ಮಕ್ಕಾಗಿ, ಮೋಜಿಗಾಗಿ, ಅದನ್ನೇ ನಂಬಿದ್ದ ಮೂಲನಿವಾಸಿಗಳ ಬದುಕು ಮುರಿಯುವುದಕ್ಕಾಗಿ ಅದನ್ನು ಕೊಂದರು. 1880ರ ದಶಕ ಮುಗಿಯುವ ಹೊತ್ತಿಗೆ ಉಳಿದದ್ದು ಸಾವಿರದ ಒಳಗೆ. ಆಕಾಶ ಮುಚ್ಚುವಂತೆ ಹಾರುತ್ತಿದ್ದ ಪ್ಯಾಸೆಂಜರ್ ಪಾರಿವಾಳದ ಕೊನೆಯ ಹಕ್ಕಿ 1914ರಲ್ಲಿ ಸಿನ್ಸಿನಾಟಿಯ ಮೃಗಾಲಯದಲ್ಲಿ ಸತ್ತಿತು. ಎಷ್ಟು ಕೊಂದರೂ ಮುಗಿಯದು ಎಂದುಕೊಂಡದ್ದು ಮುಗಿದೇಹೋಯಿತು. ಆ ಪೆಟ್ಟು ತಿಂದ ಮೇಲೆ ಅವರು ಕಲಿತ ಪಾಠವೇ ಮಿತಿ.

ಯೂಟಾ ಎಂಬ ರಾಜ್ಯವನ್ನೇ ತೆಗೆದುಕೊಳ್ಳೋಣ. ಅಲ್ಲಿ ಎಲ್ಕ್ ಎಂಬ ದೊಡ್ಡ ಜಿಂಕೆಯಿದೆ, ನಮ್ಮ ಕಡವೆಯ ಬಳಗದ್ದು. ಅದಕ್ಕೂ, ಬೇರೆ ಕೆಲವು ದೊಡ್ಡ ಪ್ರಾಣಿಗಳಿಗೂ ಕೆಲವು ಕಾಡುಗಳಲ್ಲಿ 'ಸೀಮಿತ ಪ್ರವೇಶ'ದ ಪರವಾನಗಿ ಮಾತ್ರ ಸಿಗುತ್ತದೆ. ವಸಂತಕಾಲದಲ್ಲಿ ಅರ್ಜಿ ಕರೆಯುತ್ತಾರೆ. ಅರ್ಜಿದಾರನಿಗೆ ಹನ್ನೆರಡು ವರ್ಷ ತುಂಬಿರಬೇಕು, ಎಂದರೆ ನಮ್ಮ ಏಳನೆಯ ತರಗತಿಯ ವಯಸ್ಸು. 1965ರ ನಂತರ ಹುಟ್ಟಿದವರೆಲ್ಲರೂ ಬೇಟೆಯ ನಿಯಮ, ಬಂದೂಕಿನ ಜಾಗ್ರತೆ ಕಲಿಸುವ ತರಬೇತಿ ಮುಗಿಸಿರಬೇಕು. ಯಾವ ಪ್ರಾಣಿ, ಯಾವ ಕಾಡು, ಯಾವ ಆಯುಧ ಎಂಬುದನ್ನು ಅರ್ಜಿಯಲ್ಲೇ ಬರೆಯಬೇಕು. ಆಮೇಲೆ ಚೀಟಿ ಎತ್ತುತ್ತಾರೆ. ಹೆಸರು ಬಾರದವನಿಗೆ ಆ ವರ್ಷದ ಲೆಕ್ಕಕ್ಕೆ ಒಂದು ಅಂಕ ಸೇರುತ್ತದೆ. ಪರವಾನಗಿಗಳಲ್ಲಿ ಸುಮಾರು ಅರ್ಧ ಹೆಚ್ಚು ಅಂಕ ಕೂಡಿಸಿದವರಿಗೆ ಹೋಗುತ್ತದೆ. ಉಳಿದರ್ಧಕ್ಕೆ ಎಲ್ಲರ ಹೆಸರೂ ಇರುತ್ತದೆ, ಅಂಕ ಹೆಚ್ಚಿದ್ದಷ್ಟೂ ಅವಕಾಶ ಹೆಚ್ಚು. ಗಂಡು ಎಲ್ಕಿನ ಚೀಟಿ ಬಂದವನು ಮತ್ತೆ ಐದು ವರ್ಷ ಅದಕ್ಕೆ ಅರ್ಜಿ ಹಾಕುವಂತಿಲ್ಲ. ಕಾಡುಕುರಿ, ಬೈಸನ್, ಮೂಸ್‌ಗಳಿಗಂತೂ ಬದುಕಿನಲ್ಲಿ ಒಮ್ಮೆ ಮಾತ್ರ. ಕೊಂದ ಮೇಲೆ ಮಾಂಸ ಕೊಳೆಯಲು ಬಿಟ್ಟರೆ ಅದೂ ಅಪರಾಧ.

ಇದನ್ನು ಓದಿ, "ಎಲ್ಲ ಸರಕಾರಿ ಅರ್ಜಿಗಳಂತೆ ಇದೂ ಒಂದು" ಎನಿಸಬಹುದು. ಆದರೆ ಅರ್ಜಿ ಕರೆಯುವುದಕ್ಕೂ ಮೊದಲು ಇನ್ನೊಂದು ಕೆಲಸ ಆಗಿರುತ್ತದೆ. ನಾವು ಗಮನಿಸಬೇಕಾದದ್ದು ಅದನ್ನು. ಅಧಿಕಾರಿಗಳು ಪ್ರಾಣಿಗಳನ್ನು ಎಣಿಸುತ್ತಾರೆ. ಎಷ್ಟು ಹೆಣ್ಣಿಗೆ ಎಷ್ಟು ಗಂಡು, ಮರಿ ಎಷ್ಟು ಬದುಕಿವೆ, ಹಿಂದಿನ ವರ್ಷ ಕೊಂದ ಗಂಡುಗಳ ವಯಸ್ಸೆಷ್ಟು ಎಂದು ನೋಡುತ್ತಾರೆ. ಆ ಲೆಕ್ಕವನ್ನು ಸಾರ್ವಜನಿಕ ಸಭೆಗಳ ಮುಂದಿಡುತ್ತಾರೆ. ಬೇಟೆಗಾರರೂ, ರೈತರೂ, ದನಗಾಹಿಗಳೂ ಬಂದು ವಾದಿಸುತ್ತಾರೆ. ಕಡೆಗೆ ಆ ವರ್ಷ ಇಂತಿಷ್ಟೇ ಪರವಾನಗಿ ಎಂದು ಮಂಡಲಿಯೊಂದು ಗೊತ್ತುಮಾಡುತ್ತದೆ. ಅರ್ಜಿ ಎಷ್ಟೇ ಬರಲಿ, ಆ ಸಂಖ್ಯೆ ಹಿಗ್ಗುವುದಿಲ್ಲ. ಅಂದರೆ ಸಂಖ್ಯೆಯನ್ನು ಹೇಳುವುದು ಮನುಷ್ಯನ ಆಸೆಯಲ್ಲ, ಕಾಡಿನಲ್ಲಿ ಇರುವ ಪ್ರಾಣಿ.

ಮಿತಿ ಗೊತ್ತಾದ ಮೇಲೆ ಹಂಚುವ ಪ್ರಶ್ನೆ. ಅಣ್ಣತಮ್ಮಂದಿರು ಪಾಲಾಗುವಾಗ ನಮ್ಮೂರುಗಳಲ್ಲಿ ಏನು ಮಾಡುತ್ತಾರೆ? ಹೊಲಗಳ ಹೆಸರು ಬರೆದು ಸುರುಳಿ ಸುತ್ತಿ, ಪುಟ್ಟ ಮಗುವಿನ ಕೈಯಲ್ಲಿ ಚೀಟಿ ಎತ್ತಿಸುತ್ತಾರೆ. ಮಗುವಿಗೆ ಪಕ್ಷವಿಲ್ಲ, ಬಂದದ್ದನ್ನು ಹಿರಿಯನೂ ಕಿರಿಯನೂ ಒಪ್ಪಬೇಕು. ಅಮೇರಿಕದವರು ಮಾಡುವುದೂ ಅದನ್ನೇ. ಲಾರಿ ಓಡಿಸುವವನೂ, ಬ್ಯಾಂಕಿನ ಯಜಮಾನನೂ ಒಂದೇ ಅರ್ಜಿ ತುಂಬಿ ಒಂದೇ ಸರದಿಯಲ್ಲಿ ನಿಲ್ಲುತ್ತಾರೆ. ನಮ್ಮಲ್ಲಿ ಬೇಟೆ ಅರಸರ, ಸಾಹೇಬರ ಹಕ್ಕಾಗಿತ್ತು; ಬಡವನು ಕಾಡು ಸೋಯಲು ಕರೆಸಿಕೊಂಡ ಕೂಲಿಯಾಗಿದ್ದ. ಆ ದೃಷ್ಟಿಯಿಂದ ಚೀಟಿಯ ನ್ಯಾಯ ದೊಡ್ಡದೆಂದು ನಾವು ಒಪ್ಪುತ್ತೇವೆ.

ಆದರೆ ಅಲ್ಲಿಯೂ ಎಲ್ಲವೂ ಸರಿಯಾಗಿಲ್ಲ. ಅರ್ಜಿಗಳು ಬೆಳೆದಂತೆ ಬೇಕಾದ ಅಂಕಗಳೂ ಬೆಳೆಯುತ್ತವೆ. ಇಂದು ಮೊದಲ ಅರ್ಜಿ ಹಾಕುವ ಹುಡುಗ ಬೇಡಿಕೆಯ ಕಾಡಿಗೆ ಹೋಗುವ ಹೊತ್ತಿಗೆ ತಲೆ ನೆರೆತಿರಬಹುದು. ಅದಕ್ಕೇ ಐಡಾಹೋ ರಾಜ್ಯ ಅಂಕಗಳ ಗೊಡವೆಯೇ ಬೇಡವೆಂದು ಪ್ರತಿವರ್ಷ ಬರಿಯ ಚೀಟಿ ಎತ್ತುತ್ತದೆ. ಇನ್ನೊಂದು ಕೊರತೆ ಇದಕ್ಕಿಂತ ಭಾರವಾದದ್ದು. ಹಲವು ರಾಜ್ಯಗಳು ಒಂದೆರಡು ಪರವಾನಗಿಗಳನ್ನು ಸರದಿಯಿಂದ ಹೊರಗಿಟ್ಟು ಹರಾಜು ಹಾಕುತ್ತವೆ. 2013ರಲ್ಲಿ ಮೊಂಟಾನಾದ ದೊಡ್ಡ ಕೊಂಬಿನ ಕಾಡುಕುರಿಯ ಒಂದೇ ಒಂದು ಪರವಾನಗಿ 4,80,000 ಡಾಲರಿಗೆ ಹೋಯಿತು. ಆ ಹಣ ಕಾಡುಕುರಿಗಳ ರಕ್ಷಣೆಗೇ ಹೋಗುತ್ತದೆ ಎನ್ನುತ್ತಾರೆ, ಹೋಗುವುದು ನಿಜವೇ. ಆದರೂ ಹಣವಿದ್ದವನಿಗೆ ಸರದಿಯಿಲ್ಲ ಎಂದಾದ ಮೇಲೆ ಸರದಿಯಲ್ಲಿ ನಿಂತವನ ಮನಸ್ಸು ಹೇಗಿದ್ದೀತು? ಹಣ ಬರಲು ಬೇರೆ ದಾರಿಯಿಲ್ಲವೆ? ಅದನ್ನೂ ಆ ದೇಶವೇ ತೋರಿಸಿದೆ. 1937ರ ಕಾನೂನಿನಂತೆ ಬಂದೂಕು, ಮದ್ದುಗುಂಡುಗಳ ಮೇಲೆ ತೆರಿಗೆ ಹಾಕಿ, ಅದನ್ನು ರಾಜ್ಯಗಳ ವನ್ಯಜೀವಿ ಕೆಲಸಕ್ಕೇ ಹಂಚುತ್ತಾರೆ. ಅಲ್ಲಿ ಕೊಡುವವರು ಎಲ್ಲರೂ. ಸರದಿ ಮುರಿಯುವವರು ಯಾರೂ ಇಲ್ಲ.

ಇನ್ನು ನಮ್ಮ ಕಡೆಗೆ ಬರೋಣ. ಪರವಾನಗಿಯ ಬೇಟೆ ನಮಗೆ ಹೊಸದಲ್ಲ. ನಮ್ಮ ಪಕ್ಕದ ನೀಲಗಿರಿಯಲ್ಲಿ 1877ರಲ್ಲೇ ಬೇಟೆಗಾರರು ಸಂಘ ಕಟ್ಟಿದರು. 1879ರಲ್ಲಿ ಮದರಾಸು ಸರಕಾರ ನೀಲಗಿರಿಯ ಬೇಟೆ ಮತ್ತು ಮೀನುಗಳ ರಕ್ಷಣೆಗೆಂದೇ ಕಾನೂನು ಮಾಡಿತು. ಸ್ವಾತಂತ್ರ್ಯ ಬಂದ ಮೇಲೂ ಬೇಟೆ ನಿಲ್ಲಲಿಲ್ಲ. ವಿದೇಶದ ಶ್ರೀಮಂತರಿಗೆ ಹುಲಿ ಹೊಡೆಸಿ ಹಣ ಮಾಡುವ ಕಂಪನಿಗಳೇ ಇದ್ದವು. ದೇಶದ ಹುಲಿಗಳನ್ನೆಲ್ಲ ಒಟ್ಟಾಗಿ ಎಣಿಸಿದ್ದು 1972ರಲ್ಲಿ. ಲೆಕ್ಕಕ್ಕೆ ಸಿಕ್ಕಿದ್ದು 1,827. ಅಂದರೆ ನಾವು ಮೊದಲು ಪರವಾನಗಿ ಕೊಟ್ಟೆವು, ಆಮೇಲೆ ಎಣಿಸಿದೆವು. ಹಾಲು ಚೆಲ್ಲಿದ ಮೇಲೆ ಪಾತ್ರೆ ಅಳೆದಂತಾಯಿತು.

ಅದೇ 1972ರಲ್ಲಿ ಬಂದ ವನ್ಯಜೀವಿ ಸಂರಕ್ಷಣಾ ಕಾನೂನಿನಲ್ಲಿಯೂ ಮೊದಲಿಗೆ ದೊಡ್ಡ ಬೇಟೆ, ಸಣ್ಣ ಬೇಟೆ ಎಂದು ಪರವಾನಗಿಗಳಿದ್ದವು ಎಂಬುದು ಅನೇಕರಿಗೆ ತಿಳಿಯದು. 1991ರ ತಿದ್ದುಪಡಿ ಅವನ್ನು ತೆಗೆದುಹಾಕಿತು. ಅಂದಿನಿಂದ ಮೋಜಿನ ಬೇಟೆಗೆ ಈ ದೇಶದಲ್ಲಿ ಅರ್ಜಿಯೇ ಇಲ್ಲ. 2022ರ ಅಂದಾಜಿನಂತೆ ಹುಲಿಗಳು 3,682. ನಮ್ಮ ಸತ್ಯಮಂಗಲದ ಕಾಡು 2013ರಲ್ಲಿ ಹುಲಿ ಸಂರಕ್ಷಿತ ಪ್ರದೇಶವಾಯಿತು. ಬಾಗಿಲು ಮುಚ್ಚಿದ್ದು ಸರಿಯೆಂದೇ ನಮ್ಮ ಅಭಿಪ್ರಾಯ. ಮೋಜಿಗಾಗಿ ಅದನ್ನು ಮತ್ತೆ ತೆರೆಯಬಾರದು.

ಹಾಗಾದರೆ ಹೊಲದ ಹಂದಿಯ ಗತಿಯೇನು? ಮೋಜಿನ ಬೇಟೆಯ ಪ್ರಶ್ನೆಯೇ ಬೇರೆ, ಹೊಟ್ಟೆಯ ಪ್ರಶ್ನೆಯೇ ಬೇರೆ. ಜೀವಕ್ಕೆ, ಬೆಳೆಗೆ ಅಪಾಯ ತರುವ ಪ್ರಾಣಿಯನ್ನು ಕೊಲ್ಲಲು ಕಾರಣ ಬರೆದು ಅನುಮತಿ ಕೊಡುವ ಅಧಿಕಾರ ಇಂದಿನ ಕಾನೂನಿನಲ್ಲಿಯೂ ಇದೆ. ಕೇರಳ ಸರಕಾರ 2022ರಲ್ಲಿ ಕಾಡುಹಂದಿಯ ಮಟ್ಟಿಗೆ ಈ ಅಧಿಕಾರವನ್ನು ಪಂಚಾಯತಿ, ನಗರಸಭೆಗಳ ಅಧ್ಯಕ್ಷರವರೆಗೆ ಇಳಿಸಿತು. ತಮಿಳುನಾಡು ಸರಕಾರ 2025ರ ಜನವರಿಯಲ್ಲಿ ಬೇರೆ ದಾರಿ ಹಿಡಿಯಿತು. ಮೀಸಲು ಕಾಡಿನ ಗಡಿಯಿಂದ ಒಂದು ಕಿಲೋಮೀಟರಿನ ಒಳಗೆ ಹಂದಿಯನ್ನು ಕೊಲ್ಲುವಂತಿಲ್ಲ. ಒಂದರಿಂದ ಮೂರರ ನಡುವೆ ಹಿಡಿದು ಕಾಡಿಗೆ ಬಿಡಬೇಕು. ಮೂರನ್ನು ಮೀರಿದರೆ ಅರಣ್ಯ ಇಲಾಖೆಯ ತರಬೇತಾದ ಸಿಬ್ಬಂದಿ ಗುಂಡು ಹಾರಿಸಬಹುದು. ಕಾಡಿನ ಮಗ್ಗುಲಲ್ಲೇ ಉಳುವ ನಮ್ಮವರಿಗೆ ಇದರಿಂದ ಸಿಕ್ಕ ಸಮಾಧಾನ ಅಷ್ಟಕ್ಕಷ್ಟೆ. ಕಷ್ಟ ಹೆಚ್ಚಿದ್ದಲ್ಲೇ ಪರಿಹಾರ ಕಡಮೆ ಎಂಬ ಮಾತು ನ್ಯಾಯವಾದದ್ದೇ. ಅದನ್ನು ಸರಕಾರದ ಮುಂದೆ ಹೇಳಬೇಕು.

ಆದರೆ ಹೇಳಲು ನಮ್ಮ ಕೈಯಲ್ಲಿ ಏನಿದೆ? "ಹಂದಿ ಬಹಳವಾಗಿದೆ" ಎನ್ನುತ್ತೇವೆ. ಬಹಳ ಎಂದರೆ ಎಷ್ಟು? "ಬೆಳೆಯೆಲ್ಲ ಹೋಯಿತು" ಎನ್ನುತ್ತೇವೆ. ಯಾವ ತಿಂಗಳು, ಯಾರ ಹೊಲ, ಎಷ್ಟು ಗುಂಟೆ? ಉತ್ತರವಿಲ್ಲ. ಲೆಕ್ಕವಿಲ್ಲದ ದೂರು ಸಂತೆಯ ಗದ್ದಲದಂತೆ, ಕೇಳಿಸುತ್ತದೆ, ತಿಳಿಯುವುದಿಲ್ಲ. ಅಮೇರಿಕದಿಂದ ನಾವು ತರಬೇಕಾದದ್ದು ಬಂದೂಕಿನ ಚೀಟಿಯನ್ನಲ್ಲ, ಚೀಟಿಗೂ ಮೊದಲು ಎಣಿಸುವ ಅಭ್ಯಾಸವನ್ನು, ಎಣಿಸಿದ್ದನ್ನು ಸಭೆಯ ಮುಂದಿಡುವ ಅಭ್ಯಾಸವನ್ನು.

ಎಣಿಕೆಯ ತಾಳ್ಮೆ ಇಲ್ಲದವನು ಉರುಳು ಒಡ್ಡುತ್ತಾನೆ, ಬೇಲಿಗೆ ಕರೆಂಟು ಕೊಡುತ್ತಾನೆ, ಹಣ್ಣಿನೊಳಗೆ ಸಿಡಿಮದ್ದು ಇಡುತ್ತಾನೆ. ಉರುಳಿಗೆ ಹಂದಿ ಯಾವುದು, ಚಿರತೆ ಯಾವುದು, ಪಕ್ಕದ ಮನೆಯ ಎಮ್ಮೆ ಯಾವುದು ಎಂಬ ಭೇದವಿಲ್ಲ. ಕರೆಂಟಿನ ತಂತಿಗೆ ನೀರು ಹಾಯಿಸಲು ಹೋದ ಮಗ ಯಾರು ಎಂದು ತಿಳಿಯದು. 2020ರ ಮೇ ತಿಂಗಳಲ್ಲಿ ಕೇರಳದ ಪಾಲಕ್ಕಾಡು ಜಿಲ್ಲೆಯಲ್ಲಿ ಸಿಡಿಮದ್ದು ತುಂಬಿದ ತಿನಿಸು ಕಚ್ಚಿದ ಗಬ್ಬದ ಆನೆಯೊಂದು ಬಾಯಿ ಸುಟ್ಟುಕೊಂಡು, ನೀರಿನಲ್ಲಿ ನಿಂತೇ ಸತ್ತದ್ದನ್ನು ದೇಶವೇ ನೋಡಿತು. ಪರವಾನಗಿಯ ಬೇಟೆಗೆ ಕಣ್ಣಾದರೂ ಇದೆ. ಕದ್ದು ಕೊಲ್ಲುವುದಕ್ಕೆ ಕಣ್ಣೂ ಇಲ್ಲ, ಮಿತಿಯೂ ಇಲ್ಲ.

ಆದುದರಿಂದ ಪೋಷಕರಲ್ಲಿಯೂ ವಿದ್ಯಾರ್ಥಿಗಳಲ್ಲಿಯೂ ನಮ್ಮ ಕೋರಿಕೆ ಇಷ್ಟು. ಪ್ರತಿ ಊರಿನ ಮಕ್ಕಳು ಸೇರಿ ಒಂದು ನೋಟು ಪುಸ್ತಕ ಇಡಲಿ. ಹಂದಿ, ಆನೆ, ಜಿಂಕೆ ಯಾವುದೇ ಬಂದರೂ ಅದರಲ್ಲಿ ತಾರೀಖು, ಹೊಲ, ಬೆಳೆ, ಕಂಡ ಪ್ರಾಣಿಗಳ ಸಂಖ್ಯೆ, ಆದ ನಷ್ಟ ಬರೆಯಲಿ. ಕಾಣದ್ದನ್ನು ಬರೆಯಬಾರದು, ಕಂಡದ್ದನ್ನು ಬಿಡಬಾರದು. ಲೆಕ್ಕದ ಮೇಷ್ಟ್ರು ಕೂಡಿಸುವುದನ್ನು ನೋಡಿಕೊಳ್ಳುತ್ತಾರೆ. ಅರ್ಜಿಯನ್ನು ಕನ್ನಡದಲ್ಲಿಯೂ ತಮಿಳಿನಲ್ಲಿಯೂ ಬರೆಯುವುದನ್ನು ನಾವು ಕಲಿಸುತ್ತೇವೆ. ವರ್ಷದ ಕೊನೆಗೆ ಹಿರಿಯರು ಅದನ್ನು ಹಿಡಿದು ಗ್ರಾಮಸಭೆಗೂ ಅರಣ್ಯ ಕಚೇರಿಗೂ ಹೋಗಲಿ. ಪರಿಹಾರದ ಹಣಕ್ಕಾಗಲಿ, ಅಗಳಿಗಾಗಲಿ, ಆ ಮೂರು ಕಿಲೋಮೀಟರಿನ ನಿಯಮದ ತಿದ್ದುಪಡಿಗಾಗಲಿ ಆಗ ನಮ್ಮ ಮಾತಿಗೆ ಕಾಲು ಬರುತ್ತದೆ.

ಸಭೆಯಲ್ಲಿ ಪ್ರಶ್ನೆ ಕೇಳಿದ ಆ ಹಿರಿಯರಿಗೆ ನಮ್ಮ ಉತ್ತರವೂ ಇದೇ. ಚೀಟಿ ಕೇಳುವುದು ತಪ್ಪಲ್ಲ. ಲೆಕ್ಕವಿಲ್ಲದೆ ಕೇಳುವುದು ತಪ್ಪು. ಅಟ್ಟಣೆಯ ಮೇಲೆ ನಿದ್ದೆಗೆಟ್ಟ ಮಗ ಬೆಳಗ್ಗೆ ತೂಕಡಿಸುವ ಮೊದಲು ನಾಲ್ಕು ಸಾಲು ಬರೆದಿಟ್ಟರೆ, ಅವನ ಆ ರಾತ್ರಿ ವ್ಯರ್ಥವಾಗಲಿಲ್ಲ ಎಂದು ನಾವು ತಿಳಿಯುತ್ತೇವೆ. ಮೊದಲನೆಯ ಪಿರಿಯಡ್ಡಿನಲ್ಲಿ ಅವನನ್ನು ಎಬ್ಬಿಸುವುದೂ ಇಲ್ಲ.