ಕತ್ತರಿ ಹಿಡಿದ ಕೈ

ಚಿತ್ರಮಂದಿರದ ದೀಪಗಳು ಆರಿ ಪರದೆಯ ಮೇಲೆ ಹೆಸರುಗಳು ಮೂಡತೊಡಗಿದಾಗ ನಾವೇನು ಮಾಡುತ್ತಿರುತ್ತೇವೆ? ಕುರ್ಚಿ ಹುಡುಕುತ್ತಿರುತ್ತೇವೆ, ಮಕ್ಕಳ ಕೈಗೆ ಶೇಂಗಾ ಪೊಟ್ಟಣ ಕೊಡುತ್ತಿರುತ್ತೇವೆ. ನಾಯಕನ ಹೆಸರಿಗೆ ಸಿಳ್ಳು ಬೀಳುತ್ತದೆ. ‘ಸಂಕಲನ’ ಎಂಬ ಅಕ್ಷರಗಳ ಕೆಳಗೆ ಬಂದು ಹೋಗುವ ಹೆಸರಿಗೆ ಗದುಗಿನಲ್ಲಿ ಯಾರೊಬ್ಬರೂ ಸಿಳ್ಳು ಹಾಕಿದ್ದನ್ನು ನಾನು ಕೇಳಿಲ್ಲ.

ಆ ಹೆಸರನ್ನು ನಾನು ಗಮನಿಸತೊಡಗಿದ್ದು ನಮ್ಮ ಸೋದರತ್ತೆಯ ದೆಸೆಯಿಂದ. 1972ರಲ್ಲಿ ತೆರೆಕಂಡ ‘ಬಂಗಾರದ ಮನುಷ್ಯ’ದ ಪ್ರತಿಯೊಂದು ಗದಗ-ಬೆಟಗೇರಿಯಲ್ಲಿ ಓಡಿ, ಲಕ್ಷ್ಮೇಶ್ವರ, ಶಿರಹಟ್ಟಿಗಳನ್ನು ದಾಟಿ, ಮುಂಡರಗಿಯ ಡೇರೆಗೆ ಬರುವ ವೇಳೆಗೆ ಬಡಕಲಾಗಿತ್ತು. ಭಾರತಿಯವರ ಲಕ್ಷ್ಮಿ ಈಗಷ್ಟೇ ನಗುತ್ತಿದ್ದಳು. ಮರುಗಳಿಗೆಯಲ್ಲಿ ಎಲ್ಲರೂ ಅಳುತ್ತಿದ್ದಾರೆ! ಹೋರಿ ಆಕೆಯನ್ನು ತಿವಿದ ಭಾಗವೇ ಹರಿದು ಹೋಗಿತ್ತು. “ಆಕೀಗೆ ಏನಾತೋ? ನಾ ಏನ್ ನಿದ್ದಿ ಮಾಡಿದ್ನೇನು?” ಎಂದು ಅತ್ತೆ ನನ್ನನ್ನು ಗದರಿಸಿದರು, ಕತ್ತರಿ ಹಾಕಿದವನು ನಾನೇ ಎಂಬಂತೆ.

ಫಿಲ್ಮು ಹರಿದಾಗ ಆಪರೇಟರನು ಹಾಳಾದ ತುಂಡನ್ನು ಕಿತ್ತೊಗೆದು ಉಳಿದ ತುದಿಗಳನ್ನು ಅಂಟಿಸುತ್ತಿದ್ದ. ಸೆಕೆಂಡಿಗೆ 24 ಚಿತ್ರಗಳು, ಅಡಿಗೆ 16. ಸಾವಿರ ಅಡಿಯ ಸುರುಳಿ ಹನ್ನೊಂದು ನಿಮಿಷಗಳಲ್ಲಿ ಮುಗಿಯುತ್ತದೆ. ಇದರಲ್ಲೊಂದು ಸೂಕ್ಷ್ಮವಿದೆ. ಚಿತ್ರದ ಧ್ವನಿ ಅದರ ಪಕ್ಕದಲ್ಲೇ ಇರುವುದಿಲ್ಲ. ಸುಮಾರು ಇಪ್ಪತ್ತು ಚಿತ್ರಗಳಷ್ಟು ಮುಂದೆ ಅಚ್ಚಾಗಿರುತ್ತದೆ. ಆದುದರಿಂದ ಇಲ್ಲಿ ಕತ್ತರಿಸಿದರೆ ಅಲ್ಲಿ ಮಾತು ನುಂಗಿಹೋಗುತ್ತದೆ. ಬೆಟಗೇರಿಯ ನೇಕಾರನು ಹರಿದ ಎಳೆಯನ್ನು ಕಣ್ಣಿಗೆ ಬೀಳದಂತೆ ಗಂಟು ಹಾಕಬಲ್ಲ. ಡೇರೆಯ ಆಪರೇಟರನಿಗೆ ಅಷ್ಟು ವ್ಯವಧಾನವೆಲ್ಲಿ? ಹೊರಗೆ ಜನ ಕೂಗುತ್ತಿರುತ್ತಾರೆ.

ಹೀಗೆ ಹಾಳಾದದ್ದು ಯಾರ ದುಡಿಮೆ? ಆ ಚಿತ್ರದ ಸಂಕಲನಕಾರರು ಪಿ. ಭಕ್ತವತ್ಸಲಂ. ನಿರ್ದೇಶಕ ಸಿದ್ಧಲಿಂಗಯ್ಯನವರ ‘ಭೂತಯ್ಯನ ಮಗ ಅಯ್ಯು’ (1974) ಚಿತ್ರಕ್ಕೂ ಅವರದೇ ಕತ್ತರಿ. ಆದರೆ ನನಗೆ ಸೋಜಿಗವೆನಿಸುವುದು ಇನ್ನೊಂದು ಸಂಗತಿ. 1975ರಲ್ಲಿ ಬಿ. ವಿ. ಕಾರಂತರು ಶಿವರಾಮ ಕಾರಂತರ ಕಾದಂಬರಿಯನ್ನು ‘ಚೋಮನ ದುಡಿ’ ಚಿತ್ರವಾಗಿಸಿದಾಗಲೂ ಸಂಕಲನದ ಮೇಜಿಗೆ ಕುಳಿತವರು ಇವರೇ. ಒಂದು ಹಾಡು, ಹಸಿರು, ವರ್ಣಗಳ ಚಿತ್ರ. ಬೆಂಗಳೂರಿನ ಒಂದೇ ಚಿತ್ರಮಂದಿರದಲ್ಲಿ ಎರಡು ವರ್ಷ ಓಡಿದ್ದು. ಇನ್ನೊಂದು ಕಪ್ಪು-ಬಿಳುಪಿನದು; ರಾಷ್ಟ್ರಪ್ರಶಸ್ತಿ ಪಡೆದದ್ದು. ಮೊದಲನೆಯದರಲ್ಲಿ ಕಣ್ಣೀರು ಬತ್ತುವ ಮೊದಲೇ ದೃಶ್ಯ ಬದಲಾಗಬೇಕು. ಎರಡನೆಯದರಲ್ಲಿ ವಾಸುದೇವರಾಯರ ಚೋಮ ದುಡಿ ಬಾರಿಸುವಾಗ ಕತ್ತರಿ ಸುಮ್ಮನಿರಬೇಕು. ಸುಮ್ಮನಿರುವುದೇ ಕಷ್ಟದ ಕೆಲಸವೆಂದು ನನ್ನ ಅಭಿಪ್ರಾಯ.

ಪೋಲೆಂಡಿನಲ್ಲಿ ವೂಜ್ ಎಂಬ ನಗರವುಂಟು. ನಮ್ಮ ಬೆಟಗೇರಿಯಂತೆ ನೇಯ್ಗೆಗೆ ಹೆಸರಾದ ಊರು, ಆದರೆ ಭಾರಿ ಗಿರಣಿಗಳದು. 1948ರಲ್ಲಿ ಅಲ್ಲಿ ಚಲನಚಿತ್ರ ಶಾಲೆ ತೆರೆಯಿತು. ವಾಯ್ದಾ, ಪೊಲಾನ್ಸ್ಕಿ ಮುಂತಾದವರು ಅಲ್ಲಿ ಕಲಿತವರು. ಆಸ್ಕರ್ ಗೆದ್ದ ಪೋಲಿಷ್ ಚಿತ್ರ ‘ಇಡಾ’ (2013) ನೋಡಿದವರಿಗೆ ನಿರ್ದೇಶಕ ಪಾವ್ಲಿಕೋವ್ಸ್ಕಿಯ ಹೆಸರು ನೆನಪಿರುತ್ತದೆ. ಸಂಕಲನಕಾರ ಯಾರೊಸ್ವಾವ್ ಕಾಮಿನ್ಸ್ಕಿಯ ಹೆಸರು ಎಷ್ಟು ಮಂದಿಗೆ ಗೊತ್ತು? ಅಲ್ಲಿಯೂ ಇದೇ ಕಥೆ ಎನ್ನಿ.

ಈಗ ಸಂಕಲನ ನಡೆಯುವುದು ಗಣಕಯಂತ್ರದಲ್ಲಿ. ಫಿಲ್ಮೂ ಇಲ್ಲ, ಅಂಟೂ ಇಲ್ಲ. ಮುಂಡರಗಿಯಲ್ಲಿ ನೋಡಿದರೂ ಚಿತ್ರ ಬೆಂಗಳೂರಿನಲ್ಲಿರುವಷ್ಟೇ ಉದ್ದವಿರುತ್ತದೆ.

ಎಷ್ಟೋ ವರ್ಷಗಳ ಮೇಲೆ ದೂರದರ್ಶನದಲ್ಲಿ ‘ಬಂಗಾರದ ಮನುಷ್ಯ’ ಬಂದಿತು. ಹೋರಿಯ ದೃಶ್ಯವನ್ನು ಅತ್ತೆ ಅಂದು ಮೊದಲ ಬಾರಿ ನೋಡಿದರು. ಬಹಳ ಹೊತ್ತು ಮಾತಾಡಲಿಲ್ಲ. ಆಮೇಲೆ, “ಇಷ್ಟ ವರ್ಷ ಆಕಿ ತವರಿಗೆ ಹೋಗ್ಯಾಳಂತ ತಿಳಕೊಂಡಿದ್ದೆ” ಎಂದು ಕನ್ನಡಕ ತೆಗೆದು ಸೆರಗಿನಿಂದ ಒರೆಸಿಕೊಂಡರು.