ಹೈಬ್ರಿಡ್ ಕಪ್ಪು ದ್ರಾಕ್ಷಿ: ವಿಷವೂ ಅಲ್ಲ, ಔಷಧಿಯೂ ಅಲ್ಲ

ಬೀಳಗಿ, ಜಮಖಂಡಿ ಭಾಗದ ಪಡಗಳಿಂದ ದ್ರಾಕ್ಷಿ ಪೇಟೆಗೆ ಬರುವ ದಿನಗಳಲ್ಲಿ ನಮ್ಮ ಮೊಬೈಲ್‌ಗಳಿಗೆ ಎರಡು ಬಗೆಯ ಸಂದೇಶಗಳು ಬರುತ್ತವೆ. ಒಂದು, "ಹೈಬ್ರಿಡ್ ದ್ರಾಕ್ಷಿ ಅಂದರೆ ಜೀನ್ ಬದಲಿಸಿದ ವಿಷ." ಇನ್ನೊಂದು, "ಕೆಂಪು ವೈನ್ ಕುಡಿದರೆ ಹೃದಯಕ್ಕೆ ಒಳ್ಳೆಯದು." ಇವೆರಡನ್ನೂ ಪರೀಕ್ಷಿಸಲು ನಮ್ಮದೇ ರಾಜ್ಯದ ಒಂದು ತಳಿ ಸಾಕು. ಅದರ ಹೆಸರು ಅರ್ಕಾ ತೃಷ್ಣಾ.

ಬೆಂಗಳೂರಿನ ಹೆಸರಘಟ್ಟದಲ್ಲಿರುವ ಭಾರತೀಯ ತೋಟಗಾರಿಕಾ ಸಂಶೋಧನಾ ಸಂಸ್ಥೆ ವೈನ್‌ಗೆಂದು ರೂಪಿಸಿದ ತಳಿ ಇದು. ಬೆಂಗಳೂರು ಬ್ಲೂ ಮತ್ತು ಕಾನ್ವೆಂಟ್ ಲಾರ್ಜ್ ಬ್ಲ್ಯಾಕ್ ಇದರ ತಂದೆ-ತಾಯಿ. ಬೆಂಗಳೂರು ಬ್ಲೂ ಮತ್ತು ಬ್ಲ್ಯಾಕ್ ಚಂಪಾ ಸೇರಿಸಿ ಪಡೆದ ಅರ್ಕಾ ಶ್ಯಾಮ್ ಕೂಡ ಇಲ್ಲಿಯದೇ.

ಸಂಕರ ಮಾಡುವುದು ಹೇಗೆ?

ಒಂದು ಬಳ್ಳಿಯ ಹೂವು ಅರಳುವ ಮೊದಲೇ ಅದರ ಕೇಸರಗಳನ್ನು ತೆಗೆಯುತ್ತಾರೆ. ಇನ್ನೊಂದು ಬಳ್ಳಿಯ ಪರಾಗವನ್ನು ಅದಕ್ಕೆ ಸವರಿ, ಚೀಲ ಕಟ್ಟುತ್ತಾರೆ. ಹಣ್ಣಾದ ಮೇಲೆ ಬೀಜ ಬಿತ್ತಿ, ಬಂದ ಸಸಿಗಳನ್ನು ವರ್ಷಗಟ್ಟಲೆ ನೋಡಿ ಒಳ್ಳೆಯದನ್ನು ಆರಿಸುತ್ತಾರೆ. ಆರಿಸಿದ ಬಳ್ಳಿಯನ್ನು ಕಡ್ಡಿಯಿಂದ ಬೆಳೆಸುತ್ತಾರೆ. ಇಲ್ಲಿ ಪ್ರಯೋಗಾಲಯದಲ್ಲಿ ಹೊರಗಿನ ಜೀನ್ ಸೇರಿಸುವ ಕೆಲಸವೇ ಇಲ್ಲ. ಬಿಟಿ ಹತ್ತಿಯ ವಿಧಾನ ಬೇರೆ, ಇದು ಬೇರೆ.

ಇಂಥ ಬೆರಕೆ ಹೊಸದೂ ಅಲ್ಲ. ನಾವು ತಲೆಮಾರುಗಳಿಂದ ತಿನ್ನುತ್ತಿರುವ ಬೆಂಗಳೂರು ಬ್ಲೂ ಸ್ವತಃ ಅಮೆರಿಕ ಮತ್ತು ಯುರೋಪ್ ಮೂಲದ ಎರಡು ದ್ರಾಕ್ಷಿ ಜಾತಿಗಳ ಮಿಶ್ರಣ. ಜಗತ್ತಿನಲ್ಲಿ ಅತಿ ಹೆಸರಾದ ಕೆಂಪು ವೈನ್ ತಳಿ ಕ್ಯಾಬರ್ನೆ ಸೊವಿನ್ಯೋ ಕೂಡ ತಾನಾಗಿಯೇ ಆದ ಸಂಕರ ಎಂಬುದು 1990ರ ದಶಕದ ಡಿಎನ್ಎ ಪರೀಕ್ಷೆಯಿಂದ ತಿಳಿಯಿತು. ಉತ್ತರ ಕರ್ನಾಟಕದ ರೈತರು ಕಸಿಗೆ ಬಳಸುವ ಡಾಗ್‌ರಿಜ್ ಬೇರುಗಿಡದ ಮೂಲವೂ ಸಹಜ ಸಂಕರವೇ.

ಕಪ್ಪು ಬಣ್ಣ, ಬಿಳಿ ಪುಡಿ

ಕಪ್ಪು ಬಣ್ಣ ಚುಚ್ಚುಮದ್ದಿನದಲ್ಲ. ಸಿಪ್ಪೆಯಲ್ಲಿರುವ ಆಂಥೋಸಯನಿನ್ ಎಂಬ ವರ್ಣದ್ರವ್ಯದ್ದು. ಹಣ್ಣಿನ ಮೇಲಿನ ತೆಳು ಬಿಳಿ ಪದರ ಸಾಮಾನ್ಯವಾಗಿ ಹಣ್ಣೇ ಹೊರಹಾಕುವ ಮೇಣ. ಆದರೆ ದ್ರಾಕ್ಷಿಗೆ ಔಷಧಿ ಸಿಂಪಡಿಸುವುದು ನಿಜ. ಆದ್ದರಿಂದ ಹರಿಯುವ ನೀರಿನಲ್ಲಿ ಚೆನ್ನಾಗಿ ತೊಳೆದು ತಿನ್ನಿ.

ವೈನ್ ಹೃದಯಕ್ಕೆ ಮದ್ದೇ?

ಅರ್ಕಾ ತೃಷ್ಣಾದ ಸಿಹಿ 22–23 ಡಿಗ್ರಿ ಬ್ರಿಕ್ಸ್. ಅಂದರೆ 100 ಗ್ರಾಂ ರಸದಲ್ಲಿ ಕರಗಿರುವ ಅಂಶ ಸುಮಾರು 22–23 ಗ್ರಾಂ, ಅದರಲ್ಲಿ ಬಹುಪಾಲು ಸಕ್ಕರೆ. ಯೀಸ್ಟ್ ಈ ಸಕ್ಕರೆಯನ್ನೇ ಆಲ್ಕೋಹಾಲ್ ಮಾಡುತ್ತದೆ. ವೈನ್‌ಗೆ ಇಂಥ ತಳಿ ಬೇಕಾಗುವುದು ಅದಕ್ಕೇ.

ಸಿಪ್ಪೆಯಲ್ಲಿ ರೆಸ್ವೆರಟ್ರಾಲ್ ಇರುವುದು ಹೌದು, ಆದರೆ ಒಂದು ಲೋಟ ವೈನ್‌ನಲ್ಲಿ ಸಿಗುವುದು ತೀರಾ ಅಲ್ಪ. ಆಲ್ಕೋಹಾಲ್ ಪಾನೀಯಗಳನ್ನು ಅಂತರರಾಷ್ಟ್ರೀಯ ಕ್ಯಾನ್ಸರ್ ಸಂಶೋಧನಾ ಸಂಸ್ಥೆ 1988ರಲ್ಲೇ ಕ್ಯಾನ್ಸರ್ ಕಾರಕಗಳ ಮೊದಲ ಗುಂಪಿಗೆ ಸೇರಿಸಿದೆ. ಆರೋಗ್ಯಕ್ಕೆ ಸುರಕ್ಷಿತ ಎನ್ನಬಹುದಾದ ಕುಡಿತದ ಪ್ರಮಾಣವೇ ಇಲ್ಲ ಎಂದು ವಿಶ್ವ ಆರೋಗ್ಯ ಸಂಸ್ಥೆ 2023ರ ಜನವರಿಯಲ್ಲಿ ಹೇಳಿತು. ಹೃದಯದ ಮಾತ್ರೆ ಬಿಟ್ಟು ವೈನ್ ಹಿಡಿಯುವುದು ಅಪಾಯ.

ಒಟ್ಟಿನಲ್ಲಿ, "ಹೈಬ್ರಿಡ್" ಎಂಬ ಪದ ಹಣ್ಣಿನ ತಂದೆ-ತಾಯಿ ಯಾರೆಂದು ಹೇಳುತ್ತದೆಯೇ ಹೊರತು ಅದು ವಿಷ ಎಂದೂ, ಮದ್ದು ಎಂದೂ ಹೇಳುವುದಿಲ್ಲ. ಮೊದಲ ಸಂದೇಶ ಬೆಳೆಗಾರನ ಹೊಟ್ಟೆಯ ಮೇಲೆ ಹೊಡೆಯುತ್ತದೆ, ಎರಡನೆಯದು ರೋಗಿಯ ಜೀವಕ್ಕೇ ಕುತ್ತು ತರಬಹುದು. ಎರಡನ್ನೂ ಫಾರ್ವರ್ಡ್ ಮಾಡಬೇಡಿ.